ಹಿತ್ತಾಳೆಯ ತಾಳಿ

ಡಬ್ಬಿ ತೆರೆದೆ. ತಾಳಿ ಇರಲಿಲ್ಲ!

ಪಕ್ಕದಲ್ಲೇ ಲಕ್ಷಗಟ್ಟಲೆ ಬೆಲೆಯ ಕ್ಯಾಮೆರಾ ಲೆನ್ಸು ಇಟ್ಟ ಹಾಗೇ ಇತ್ತು. ನಾಯಕಿಯ ಮೊಬೈಲೂ ಇತ್ತು. ಹೋದದ್ದು ಒಂದೇ— ಕರಿಮಣಿ ಪೋಣಿಸಿದ ಹಳೆಯ ಹಿತ್ತಾಳೆ ತಾಳಿ. ಹಳೇ ಸಾಮಾನು ಕೊಳ್ಳುವ ಮೋಡಕಾದವನೂ ಮೂಸಿ ನೋಡದ ವಸ್ತು. ಇದನ್ನು ಕದ್ದವನನ್ನು ಕಳ್ಳ ಅನ್ನಬೇಕೋ, ಹುಚ್ಚ ಅನ್ನಬೇಕೋ?

ನಾನು ಸಂಧ್ಯಾ, ಜಮಖಂಡಿಯವಳು. ಸಿನಿಮಾದ ಸಾಮಾನು ಸರಂಜಾಮು ನೋಡಿಕೊಳ್ಳುವುದು ನನ್ನ ಕೆಲಸ. ರಬಕವಿಯ ನೇಕಾರರ ಮನೆಯೊಂದರಲ್ಲಿ ಶೂಟಿಂಗ್ ನಡೆದಿತ್ತು. ಊರವರು ಹಿಂದೆ ಆಡಿದ್ದ ‘ಕತ್ತಲಾಗ ಮದುವಿ’ ನಾಟಕವೇ ಈಗ ಸಿನಿಮಾ. ಎಪ್ಪತ್ತೊಂದರ ಯುದ್ಧದ ಕಾಲ. ರಜೆಗೆ ಬಂದ ಸಿಪಾಯಿಯ ಮದುವೆಯ ಹೊತ್ತಿಗೇ ಸೈರನ್ ಕೂಗಿ, ದೀಪಗಳೆಲ್ಲ ಆರಿ, ಅವನು ಅವಸರದಲ್ಲಿ ಬೇರೆಯವಳ ಕೊರಳಿಗೆ ತಾಳಿ ಕಟ್ಟಿಬಿಡುತ್ತಾನೆ! ಮುಂದೆ ಜಗಳ, ನಗು, ಪ್ರೀತಿ.

ಆ ನಾಟಕದಲ್ಲಿ ಸಿಪಾಯಿಯ ಪಾತ್ರ ಮಾಡಿದ್ದ ಚನಮಲ್ಲಪ್ಪ ಆ ತಾಳಿಯನ್ನು ಇಷ್ಟು ವರ್ಷ ಜೋಪಾನ ಮಾಡಿ ನಮಗೆ ಕೊಟ್ಟಿದ್ದರು. ಇವತ್ತು ಕೊನೆಯ ದೃಶ್ಯ. ಮುನಿದ ನಾಯಕಿ ತಾಳಿಯನ್ನು ಕೃಷ್ಣಾ ಹೊಳೆಗೆ ಎಸೆಯಬೇಕು, ನಾಯಕ ಅದರ ಹಿಂದೆಯೇ ಧುಮುಕಬೇಕು. ನಾಟಕದಲ್ಲಿ ಇದು ಇರಲಿಲ್ಲ. ನಿರ್ದೇಶಕಿ ರಾಧಿಕಾ ಸೇರಿಸಿದ್ದು.

“ಸಂಜಿ ಒಳಗ ತಾಳಿ ಸಿಗಬೇಕು,” ಎಂದಳು ರಾಧಿಕಾ. “ಇಲ್ಲಾಂದ್ರ ನಿನ್ನ ಗಂಟು ಕಟ್ಟು.”

ನನ್ನ ಕಣ್ಣಲ್ಲಿ ನೀರು ಬಂತು. ಸೆಟ್ಟಿನ ಕಾವಲಿಗಿದ್ದ ನಿಂಗಣ್ಣ ಅದನ್ನು ನೋಡಿದರು. ಬೀಳಗಿಯವರು, ಪೊಲೀಸ್ ದಫೇದಾರರಾಗಿ ನಿವೃತ್ತರಾದವರು.

“ಅಳಬ್ಯಾಡವಾ. ತಾಳಿಗೇನು ಕಾಲು ಬಂದಿಲ್ಲ,” ಎಂದು ವಿಚಾರಣೆ ಶುರುಮಾಡಿಯೇಬಿಟ್ಟರು. ಬೆಳಿಗ್ಗೆ ಡಬ್ಬಿ ಇದ್ದ ಕೋಣೆಗೆ ಹೋಗಿ ಬಂದವರು ಮೂವರೇ.

ಮೊದಲು ನಾಯಕನಟ ಅಮೋಲ.

“ನಿನಗ ಈಸಾಕ ಬರತೈತೇನೋ?”

“ಇಲ್ರೀ.”

“ಅಂದ್ರ ತಾಳಿ ಹೋಗಿದ್ದು ನಿನಗ ಛಲೋನ ಆತು?”

“ನಾ ಯಾಕ ಜಿಗೀಲ್ರಿ? ನನ್ನ ಬದಲಿ ಜಿಗಿಯಾಕ ಬ್ಯಾರೇದಾಂವ ಬಂದಾನ್ರಿ!”

ಬಳಿಕ ಚನಮಲ್ಲಪ್ಪ. ಮದುವೆಯಾಗದೆ ಒಬ್ಬರೇ ಉಳಿದ ಹಿರಿಯರು, ಮಾತು ಕಡಿಮೆ.

“ಹೊಳಿಗಿ ಒಗೀತಾರಂತ ನಿಮಗ ಗೊತ್ತಿತ್ತೇನ್ರಿ?”

“ಗೊತ್ತಿತ್ತು.”

“ಬ್ಯಾಡ ಅನ್ಲಿಲ್ಲ?”

“ಹಿತ್ತಾಳಿ ಅಲ್ಲೇನ್ರಿ? ಒಗೀಲಿ ಬಿಡ್ರಿ.” ಅವರು ಮುಖ ಆಚೆ ತಿರುಗಿಸಿದರು.

ಕೊನೆಗೆ ಅನಸವ್ವ. ಅಂದಿನ ನಾಟಕದ ನಾಯಕಿ. ಹೊರಗಿನಿಂದ ಪಾತ್ರಕ್ಕೆಂದು ಕರೆಸಿದ್ದವಳು ರಬಕವಿಯಲ್ಲೇ ನಿಂತು, ಕುಪ್ಪಸ ಹೊಲಿದು ಒಂಟಿಯಾಗಿ ಬದುಕಿದ್ದಳು. ಈಗ ನಮ್ಮ ನಾಯಕಿಗೆ ನಾಟಕದ ಹಾಡು ಕಲಿಸುತ್ತಿದ್ದಳು. ನಿಂಗಣ್ಣ ತಾಳಿಯ ಸುದ್ದಿಯನ್ನೇ ಎತ್ತಲಿಲ್ಲ! ಗೋಡೆಯ ಮೇಲಿದ್ದ ನಾಟಕದ ಫೋಟೊ ತೋರಿಸಿದರು.

“ಇವ್ರೆಲ್ಲಾ ಯಾರ್ರೀ?”

“ಇಂವ ಗೌಡನ ಪಾರ್ಟಿನ ಹುಲೆಪ್ಪ. ಇಂವ ಪೇಟಿ ಬಾರಿಸಾಂವ ಪರಮಾನಂದ. ಇವ್ರು ಸಿಪಾಯಿ. ಮೂಲ್ಯಾಗ ನಿಂತಾಂವ ಪರದೆ ಎಳಿಯೋ ಬಸಲಿಂಗ.”

“ತಾಳಿ ಕೊಟ್ಟವ್ರು ಯಾರು?”

“ಇವ್ರ ಅಲ್ಲೇನ್ರಿ, ಸಿಪಾಯಿ ಪಾರ್ಟಿನವ್ರು.”

“ಆತು, ಹೋಗ್ರಿ.”

ಇಷ್ಟೇನಾ? ನನಗೆ ಸಿಟ್ಟೇ ಬಂತು. ಕೆಲಸ ಹೋಗುತ್ತಿರುವುದು ನನ್ನದು, ಇವರಿಗೆ ಫೋಟೊದ ಖಯಾಲಿ!

ಮಧ್ಯಾಹ್ನ ನಿಂಗಣ್ಣ ಎಲ್ಲರನ್ನೂ ಅಂಗಳಕ್ಕೆ ಕರೆದರು. “ನನ್ನ ಹೆಂಡ್ತಿ ಇರೂತನಕ ಒಮ್ಮೆನೂ ನನ್ನ ಹೆಸರ ಹೇಳಲಿಲ್ಲ. ರೇಷನ್ ಅಂಗಡ್ಯಾಗ ಗಂಡನ ಹೆಸರ ಕೇಳಿದ್ರ, ಬಾಜೂ ನಿಂತಾಕಿ ಕಡಿಂದ ಹೇಳಸ್ತಿದ್ಲು.”

“ಅದಕ್ಕೂ ತಾಳಿಗೂ ಏನ್ ಸಂಬಂಧರಿ?” ಎಂದಳು ರಾಧಿಕಾ.

“ಐತ್ರಿ. ಅನಸವ್ವಾರ, ಫೋಟೊದಾಗಿನ ಎಲ್ಲಾರ ಹೆಸರೂ ಹೇಳಿದ್ರಿ. ಒಂದ ಹೆಸರ ಬಿಟ್ರಿ. ನಾ ಮತ್ತ ಕೇಳಿದ್ರೂ ಬಾಯಾಗ ಬರಲಿಲ್ಲ. ತಾಳಿ ಕಟ್ಟಿದವ್ರ ಹೆಸರ ಅಲ್ಲೇನು? ಊರಿಗಿ ಅದು ನಾಟಕ. ನಿಮಗ ಖರೇ ಮದುವಿ. ತಾಳಿ ನೀವ ತಗೊಂಡೀರಿ.”

ಅನಸವ್ವ ನಡುವಿನ ಚಂಚಿ ಬಿಚ್ಚಿದಳು. ಎಲೆ ಅಡಿಕೆಯ ನಡುವೆ ತಾಳಿ ಮಿನುಗಿತು.

“ಹೊಳಿ ಪಾಲ ಆಗತೈತಂದ್ರ ಜೀವ ತಡೀಲಿಲ್ರಿ.”

“ಕೇಳಿದ್ರ ಕೊಡ್ತಿದ್ದೆ ಅಲ್ಲವಾ,” ಎಂದಳು ರಾಧಿಕಾ, ಮೆತ್ತಗೆ.

“ಕೇಳಿದ್ರ, ಯಾಕಂತ ಹೇಳಬೇಕಾಗತಿತ್ತು.”

“ನಾನೂ ಅದಕ್ಕ ಬ್ಯಾಡ ಅನ್ಲಿಲ್ಲ,” ಎಂದರು ಚನಮಲ್ಲಪ್ಪ. “ಆವಾಗ, ನಾಟಕದಾಕಿ ನಮ್ಮ ಮನಿಗಿ ಬ್ಯಾಡ ಅಂದ್ಲು ನಮ್ಮವ್ವ. ನಾ ಬಾಯಿ ತಗೀಲಿಲ್ಲ.”

ಒಂದೇ ಊರು, ಇಬ್ಬರೂ ಒಂಟಿ, ಒಂದು ಮಾತಿಲ್ಲ!

ಅನಸವ್ವ ತಾಳಿಯನ್ನು ಅವರತ್ತ ಚಾಚಿದಳು. “ತಗೋರಿ, ನಿಮ್ಮ ಸಾಮಾನು.”

ಅವರು ಕೈ ಚಾಚಲಿಲ್ಲ. “ಕಟ್ಟಿದ ಮ್ಯಾಲ ಅದು ನಂದು ಹೆಂಗ ಆಗತೈತಿ?”

ರಾಧಿಕಾ ಕಣ್ಣೊರೆಸಿಕೊಂಡು ನನ್ನತ್ತ ತಿರುಗಿದಳು. “ಸಂಧ್ಯಾ, ಪ್ಯಾಟಿಗಿ ಹೋಗಿ ಇಂಥಾದ್ದ ಇನ್ನೊಂದ ತಾ. ಹೊಳಿಗಿ ಅದನ್ನ ಒಗಿಯೋಣು.”

ನಾನು ಹೊಸ್ತಿಲು ದಾಟುವಷ್ಟರಲ್ಲಿ ಚನಮಲ್ಲಪ್ಪ ಹಿಂದೆಯೇ ಎದ್ದುಬಂದರು. “ತಡಿಯವಾ, ನಾನೂ ಬರ್ತೀನಿ. ಪತ್ತಾರನ ಅಂಗಡ್ಯಾಗ ಬಂಗಾರದ್ದೊಂದ ನೋಡೂದೈತಿ.”

ಅನಸವ್ವ ಸೆರಗನ್ನು ಬಾಯಿಗೆ ಹಿಡಿದಳು. ಅಳುತ್ತಿದ್ದಾಳೆಂದುಕೊಂಡೆ, ನಗುತ್ತಿದ್ದಳು.

“ಬಂಗಾರ ಆಮ್ಯಾಲ ತಂದೀರಂತ,” ಎಂದಳು. “ಮೊದ್ಲ ನಮ್ಮ ಮನಿಗಿ ಬಂದ ಚಾ ಕುಡೀರಿ. ಇಷ್ಟ ವರ್ಷ ಓಣಿ ತಿರುವಿನ್ಯಾಗ ನಿಂತು ನನ್ನ ಬಾಗಲಾ ನೋಡಿ ಹೊಳ್ಳಿ ಹೋಗೂದು ಇನ್ನ ಸಾಕು.”