ಹುಳದ ಮನೆಯ ಹಾರ್ಮೋನಿಯಂ

1983ರ ಫೆಬ್ರವರಿ 9, ಬುಧವಾರ. ಬೆಳಿಗ್ಗೆ ಒಂಬತ್ತೂಕಾಲಿಗೆ ಮುಳಬಾಗಿಲು ಠಾಣೆಗೆ ಬಂದ ದೂರುದಾರ ನರಸಿಂಹಪ್ಪ ಬಾಯೇ ಬಿಡಲಿಲ್ಲ. ಆತ ತಾಯಲೂರು ಬಳಿಯ ‘ಬೆಳಕಿನ ಬಳಗ’ ಆಶ್ರಮದ ಕಾರ್ಯದರ್ಶಿ. ಇನ್ನು ಮುಂದೆ ಹಾಡು, ವಾದ್ಯ ಬೇಡ, ಮೌನವೊಂದೇ ಸಾಕು ಎಂದು ಗುರುಗಳ ಅಪ್ಪಣೆಯಾಗಿತ್ತು. ಮಾರಲೆಂದು ಕಟ್ಟಿಟ್ಟಿದ್ದ ಹಾರ್ಮೋನಿಯಂ ಕಳುವಾಗಿದೆ ಎಂದು ಆತ ಬರೆದುಕೊಟ್ಟ. ಸಬ್ ಇನ್ಸ್‌ಪೆಕ್ಟರ್ ಚನ್ನರಾಯಪ್ಪ ಎಫ್‌ಐಆರ್ ದಾಖಲಿಸಿದರು. ಗದ್ದಲವಿಲ್ಲದ ದೂರುದಾರನನ್ನು ಸರ್ವೀಸಿನಲ್ಲೇ ಮೊದಲ ಸಲ ಕಂಡ ಹೆಡ್ ಕಾನ್ಸ್‌ಟೇಬಲ್ ಆವಲಪ್ಪನಿಗೆ ಒಳಗೊಳಗೇ ಖುಷಿ.

ಬಳಗವನ್ನು ಕಂಡರಾಗದವರು ಊರ ತುಂಬ ಇದ್ದರು. ಎಲ್ಲ ಜಾತಿಯವರನ್ನೂ ಒಂದೇ ಪಂಕ್ತಿಯಲ್ಲಿ ಕೂರಿಸುತ್ತಾರೆ, ಹೆಂಗಸರು ಸಂಜೆ ಒಲೆ ಬಿಟ್ಟು ಅಲ್ಲಿಗೆ ಓಡುತ್ತಾರೆ ಎಂಬ ಸಿಟ್ಟು. ಆ ಹಾರ್ಮೋನಿಯಂ ಪೆಟ್ಟಿಗೆಯನ್ನು ಸುಟ್ಟು ಹಾಕುತ್ತೇನೆಂದು ಕೂಗಾಡಿದ್ದವನು ವೆಂಕಟರಮಣಪ್ಪ. ಅವನ ಹೆಂಡತಿ ಗಂಗರತ್ನಮ್ಮ ನಾಲ್ಕು ವರ್ಷದಿಂದ ಬಳಗದ ಭಕ್ತೆ.

ಗುರುವಾರ ಹನ್ನೊಂದಕ್ಕೆ ಅವನ ಮನೆ ಶೋಧಿಸಿದರು. ಏನೂ ಸಿಗಲಿಲ್ಲ. ರೇಷ್ಮೆ ಹುಳದ ಮನೆಯ ಬಾಗಿಲಿಗೆ ಮಾತ್ರ ಗಂಗರತ್ನಮ್ಮ ಅಡ್ಡ ನಿಂತಳು. ಹುಳ ಎರಡನೇ ಜ್ವರಕ್ಕೆ ಕೂತಿವೆ, ಹೊರಗಿನವರು ಬಂದರೆ ಕೆಡುತ್ತವೆ ಎಂದಳು. ಹುಳ ಮೇವು ಬಿಟ್ಟು ಪೊರೆ ಕಳಚುವ ಹೊತ್ತನ್ನೇ ಅಲ್ಲಿ ಜ್ವರ ಅನ್ನುವುದು. ಅಂಥ ಮನೆಗೆ ಪೊಲೀಸರೂ ಕಾಲಿಡುವುದಿಲ್ಲ.

ಸೋಮವಾರ ಮಧ್ಯಾಹ್ನ ಮೂರಕ್ಕೆ ಆವಲಪ್ಪ ಮತ್ತೆ ಹೋದ.

“ಹುಳ ಹೆಂಗವೆಯಮ್ಮಾ?”

“ಜ್ವರಕ್ಕೆ ಕೂತವೆ ಸಾರ್.”

“ಎಷ್ಟನೇದು?”

“ಎರಡನೇದು.”

“ಗುರುವಾರಾನೂ ಎರಡನೇದೇ ಅಂದ್ರಿ. ನಮ್ಮಮ್ಮನೂ ಹುಳ ಸಾಕ್ದೋಳು. ಆ ಜ್ವರ ಒಂದು ದಿನಕ್ಕೆ ಬಿಡ್ತದೆ ಕಣಮ್ಮಾ.”

ಸುಳ್ಳಿಗೂ ಅಭ್ಯಾಸ ಬೇಕು. ಬಳಗದಲ್ಲಿ ಸುಳ್ಳು ಆಡಬಾರದೆಂಬ ಕಟ್ಟಳೆಯಿಂದ ಪಾಪ, ಆಕೆಗೆ ಅದು ಮರೆತೇಹೋಗಿತ್ತು. ಸುಮ್ಮನೆ ಬಾಗಿಲು ಬಿಟ್ಟಳು. ಪಂಚರೊಂದಿಗೆ ಕೈಕಾಲು ತೊಳೆದುಕೊಂಡೇ ಆವಲಪ್ಪ ಒಳಹೊಕ್ಕ. ಹುಳಗಳು ಸೊಪ್ಪು ಮುಕ್ಕುತ್ತಿದ್ದವು. ತಟ್ಟೆಗಳ ಕೆಳಗೆ, ಹಳೇ ಸೀರೆಯಲ್ಲಿ ಹಾರ್ಮೋನಿಯಂ.

ಪಂಚನಾಮೆ ಮುಗಿಸಿ, ಸಂಜೆ ಐದೂ ಹತ್ತಕ್ಕೆ ಠಾಣೆಯಲ್ಲಿ ಗಂಗರತ್ನಮ್ಮನ ದಸ್ತಗಿರಿ ದಾಖಲಾಯಿತು.

“ಯಾಕೆ ಕದ್ದಿರಿ?” ಎಂದರು ಚನ್ನರಾಯಪ್ಪ.

“ಕುಡುಗೋಲು ಬಿಟ್ರೆ ಬೇರೇನೂ ಹಿಡೀದ ಕೈ ಸಾರ್ ಇದು. ನಲವತ್ತೆರಡಕ್ಕೆ ಇದನ್ನ ಕಲ್ತೆ. ಗುರುಗಳ ಮೇಲೆ ಸಿಟ್ಟಿಲ್ಲ. ಅವರು ಹೇಳೋ ಬೆಳಕು ನಂಗೆ ಇದರಾಗೇ ಕಂಡಿದ್ದು. ಮಾರಿಬಿಟ್ರೆ ಎಲ್ಲಿ ಹುಡುಕ್ಲಿ?”

ಆವಲಪ್ಪ ಪುಸ್ತಕ ತೆರೆದ. ಸಿಕ್ಕ ಮಾಲಿನ ಸ್ಥಿತಿ ಬರೆಯಬೇಕಲ್ಲ. ನುಡಿಯುತ್ತದೋ ಇಲ್ಲವೋ ಎಂದು ನೋಡಲು ಠಾಣೆಯಲ್ಲಿ ಯಾರಿಗೂ ಬಾರದು. ಸಾಹೇಬರು ಆಕೆಯತ್ತಲೇ ಕೈ ತೋರಿದರು.

ಗಂಗರತ್ನಮ್ಮ ನೆಲದ ಮೇಲೆ ಕೂತು ತಿದಿ ಒತ್ತಿ ಹಾಡತೊಡಗಿದಳು. ಲಾಕಪ್ಪಿನಲ್ಲಿದ್ದ ಕುಡುಕ ತಾಳ ಹಾಕಿದ. ಆವಲಪ್ಪ ನಗುನಗುತ್ತಲೇ ‘ಸುಸ್ಥಿತಿಯಲ್ಲಿದೆ’ ಎಂದು ಬರೆದುಕೊಂಡ. ಜಾಮೀನಿಗೆಂದು ಓಡಿಬಂದಿದ್ದ ವೆಂಕಟರಮಣಪ್ಪ ಹೊಸ್ತಿಲಲ್ಲೇ ನಿಂತುಬಿಟ್ಟ. ಭಕ್ತರಲ್ಲದವರನ್ನು ಆಶ್ರಮದೊಳಗೆ ಬಿಡುತ್ತಿರಲಿಲ್ಲ. ಹೆಂಡತಿಯ ಹಾಡು ಅವನ ಕಿವಿಗೆ ಬಿದ್ದದ್ದು ಇದೇ ಮೊದಲು.

ರುಜು ಹಾಕಲು ಆವಲಪ್ಪ ಜಾಮೀನಿನ ಕಾಗದ ಮುಂದೆ ಹಿಡಿದ. ಅವನು ಅದರತ್ತ ನೋಡಲಿಲ್ಲ.

“ತಡೀರಿ ಸಾರ್, ಇದು ಮುಗೀಲಿ.”