ಭಟ್ಟಿಯ ಮೇಲಿನ ಕೋಣೆ

ಸಾಕ್ಷಿಕಟ್ಟೆಯಲ್ಲಿ ನಿಂತು ಅವನು, "ನನ್ನ ಮದುವೆ ಆಗಬೇಕು. ಸಂಸಾರ ಹೂಡೋಕೆ ಕೆಳಗಿನ ಮನೆ ಬೇಕು," ಎಂದಾಗ ಅವಳು ನಾಚಿ ತಲೆ ತಗ್ಗಿಸಿದಳು. ಇಡೀ ಕೋರ್ಟಿನಲ್ಲಿ ಆ ಮಾತಿಗೆ ಕೆಂಪಾದವಳು ಅವಳೊಬ್ಬಳೇ. ಪಕ್ಕದಲ್ಲಿ ಕೂತ ಅಪ್ಪನ ಮುಖ ಬಿಳಿಚಿದ್ದು ಆಮೇಲೆ ಕಣ್ಣಿಗೆ ಬಿತ್ತು.

ಕೆಳಗಿನ ಮನೆಯೆಂದರೆ ಅಪ್ಪ ಬಾಡಿಗೆಗೆ ಹಿಡಿದ ಬೇಕರಿ. ಮುಂದೆ ಅಂಗಡಿ, ನಡುವೆ ಅಪ್ಪ ಮಗಳು ಮಲಗುವ ಜಾಗ, ಹಿಂದೆ ಗೋಡೆಗೇ ಸೇರಿಸಿ ಇಟ್ಟಿಗೆಯಲ್ಲಿ ಕಟ್ಟಿದ, ಬ್ರೆಡ್ ಬೇಯಿಸುವ ಭಟ್ಟಿ. ಮಹಡಿಯಲ್ಲಿ, ಅದನ್ನು ಖಾಲಿ ಮಾಡಿಸಲು ಕೇಸು ಹಾಕಿದ ಮಾಲೀಕರು. ಅವರ ಮಗನಾದ ಅವನ ಕೋಣೆ ಸರಿಯಾಗಿ ಭಟ್ಟಿಯ ನೆತ್ತಿಯ ಮೇಲೆ. ಎಂಥ ಚಳಿಯಲ್ಲೂ ಅವನು ಮನೆಯೊಳಗೆ ಚಪ್ಪಲಿ ಮೆಟ್ಟುತ್ತಿರಲಿಲ್ಲ.

"ನೀನು ಬೆಂಕಿ ಹಾಕಿದ್ದು ನನ್ನ ಅಂಗಾಲಿಗೆ ಗೊತ್ತಾಗತ್ತೆ," ಎಂದಿದ್ದ ಒಮ್ಮೆ, ಬ್ರೆಡ್ಡಿಗೆ ಕೈಚಾಚಿ, ಅವಳ ಹುಬ್ಬಿಗೆ ಅಂಟಿದ್ದ ಹಿಟ್ಟನ್ನೇ ನೋಡುತ್ತ.

"ಪ್ರೀತಿ ಅಂಗಾಲಿಂದ ಶುರುವಾಗಿದ್ದು ಎಲ್ಲೂ ಕೇಳಿಲ್ಲಪ್ಪ," ಎಂದಿದ್ದಳು ಅವಳು.

ಮಾರನೆಯ ದಿನದಿಂದ ಅವಳು ಒಂದು ಸೌದೆ ಹೆಚ್ಚಿಗೆ ಒಟ್ಟತೊಡಗಿದಳು. ಬ್ರೆಡ್ಡಿನ ಅಡಿ ಯಾಕೆ ಸೀಯುತ್ತಿದೆ ಎಂದು ಅಪ್ಪ ತಲೆ ಕೆರೆದುಕೊಂಡರು.

ಅವನ ಮಾತು ನಂಬಿಕೆಗೆ ಅರ್ಹ ಎಂದು ಬರೆದು, ಮನೆ ಖಾಲಿ ಮಾಡುವಂತೆ ಕೋರ್ಟು ಆದೇಶಿಸಿತು. ಮಾತು ನಿಜವೇ ಆಗಿತ್ತು. ವಧು ಯಾರೆಂದು ಮಾತ್ರ ಯಾರೂ ಕೇಳಿರಲಿಲ್ಲ. ಕೇಸು ಗೆದ್ದರೆ ಮನೆ ತನ್ನದು, ಮದುವೆಯಾದರೆ ಅವಳದ್ದೂ, ಆಮೇಲೆ ಮಾವನ ಭಟ್ಟಿಯನ್ನು ಮುಟ್ಟುವವರು ಯಾರು ಎಂದು ಅವನು ಎಣಿಸಿದ್ದ. ಅಷ್ಟರಲ್ಲಿ ಅವನ ಅಪ್ಪ ಗಾರೆ ಮೇಸ್ತ್ರಿಯನ್ನು ಕರೆತಂದು ಭಟ್ಟಿಯ ಗೋಡೆ ತಟ್ಟಿಸಿ ನೋಡಿದರು. ಅಲ್ಲಿ ಬಾತ್‌ರೂಮು ಬರುವುದಿತ್ತು.

ಅವಳ ಅಪ್ಪ ಅಪೀಲು ಹೋದರು. ಅಪೀಲು ಕೋರ್ಟು ಸಾಮಾನ್ಯವಾಗಿ ಹೊಸ ಸಾಕ್ಷಿ ಕೇಳುವುದಿಲ್ಲ, ಹಳೆಯ ಹೇಳಿಕೆಗಳನ್ನೇ ಮತ್ತೆ ಓದುತ್ತದೆ ಎಂದು ಲಾಯರಮ್ಮ ವಿವರಿಸಿದರು. ಆದರೆ ತೀರ್ಪಿನ ನಂತರ ಮಾಲೀಕರ ಅಗತ್ಯವೇ ಇಲ್ಲವಾದರೆ ಅದನ್ನು ಲೆಕ್ಕಕ್ಕೆ ತೆಗೆದುಕೊಳ್ಳಬಹುದು. ಮದುವೆಯೇ ಇಲ್ಲವೆಂದು ಹುಡುಗ ತಾನಾಗಿ ಅಫಿಡವಿಟ್ ಕೊಟ್ಟರೆ ಸಾಕು. ಅಂಥ ಪುಣ್ಯಾತ್ಮ ಎಲ್ಲಿ ಸಿಗುತ್ತಾನೆ ಎಂದು ಅವರು ನಕ್ಕರು. ಅವಳು ನಗಲಿಲ್ಲ.

ಕೋರ್ಟಿನ ಮೊಗಸಾಲೆಯ ಬೆಂಚಿನಲ್ಲಿ ಅವನನ್ನು ಹಿಡಿದಳು.

"ನಾನು ಮದುವೆ ಅಂತ ಹೇಳಿದ್ದು ನಿನ್ನನ್ನೇ ಕಣೇ," ಎಂದ.

"ಗೊತ್ತು. ಅದಕ್ಕೇ ಕೇಳ್ತಿದೀನಿ. ಮದುವೆ ಇಲ್ಲ ಅಂತ ಬರೆದುಕೊಡು."

ಈಗ ಬರೆದುಕೊಟ್ಟು, ಕೇಸು ಮುಗಿದ ಮೇಲೆ ಮದುವೆಯಾಗೋಣ, ಬೇರೆ ಬೀದಿಯಲ್ಲಿ ಮನೆ ಹಿಡಿಯೋಣ ಎಂದು ಅವನು ಗೋಗರೆದ. ಅವಳು ಅದನ್ನೂ ಲಾಯರಮ್ಮನ ಹತ್ತಿರ ಸುತ್ತಿಬಳಸಿ ಕೇಳಿಯಾಗಿತ್ತು. ಸ್ವಂತ ಮನೆ ಇದ್ದೂ ಮಗ ಸೊಸೆ ಬಾಡಿಗೆಗಿದ್ದಾರೆ ಎಂದು ಅವನ ಅಪ್ಪ ಮತ್ತೆ ಕೇಸು ಹಾಕಬಹುದು. ಆಗ ಖಂಡಿತ ಗೆಲ್ಲುತ್ತಾರೆ.

"ಅಂದ್ರೆ ನಾವು ಜೊತೆಯಾದ ದಿನ ಭಟ್ಟಿ ಒಡೆಯತ್ತೆ," ಎಂದ ಅವನು ನಿಧಾನವಾಗಿ.

"ಅಪ್ಪನಿಗೆ ಬೇರೆ ಕಡೆ ಇನ್ನೊಂದು ಕಟ್ಟಿಕೊಳ್ಳೋ ವಯಸ್ಸಲ್ಲ."

"ನನಗೇನು ವಯಸ್ಸಾಗಿದೆಯಾ, ನಿನ್ನನ್ನ ಮರೆಯೋಕೆ?"

ಅವಳು ಅವನ ಅಂಗಿಯ ತೋಳಿಗೆ ಅಂಟಿದ್ದ ಸುಣ್ಣವನ್ನು ಕೊಡವಿದಳು. ಬೇಕಾದ್ದಕ್ಕಿಂತ ತುಸು ಹೆಚ್ಚು ಹೊತ್ತು.

ಅಫಿಡವಿಟ್ ಓದಿ ಜಡ್ಜ್ ಕನ್ನಡಕದ ಮೇಲಿಂದ ಅವನನ್ನು ನೋಡಿದರು. ಮಾಲೀಕರು ಮಗನ ಕಡೆ ತಿರುಗಲೂ ಇಲ್ಲ.

"ಈಗಿಲ್ಲ, ಸರಿ. ಮುಂದೆ?"

ಅವನು ಒಮ್ಮೆ ಅವಳ ಕಡೆ ನೋಡಿದ. ಮೊದಲ ಸಲದಂತೆ ಅವಳು ತಲೆ ತಗ್ಗಿಸಲಿಲ್ಲ.

"ಮುಂದೆಯೂ ಇಲ್ಲ, ಸ್ವಾಮಿ."

ಅಪೀಲು ಗೆದ್ದಿತು. ಮರುದಿನ ಬೆಳಿಗ್ಗೆ ಅಪ್ಪ ಹಾಡು ಗುನುಗುತ್ತ ಹಿಟ್ಟು ನಾದಿದರು. ಮೊದಲ ಬ್ರೆಡ್ ಹೊರತೆಗೆದು ಅವಳ ಕೈಗಿಟ್ಟರು.

"ಪಾಪ, ಆ ಹುಡುಗಂಗೆ ಯಾವಳೋ ಕೈ ಕೊಟ್ಟಿರಬೇಕು. ನಮ್ಮ ಪಾಲಿಗೆ ದೇವರಂಗೆ ಬಂದ. ಕೊಟ್ಟು ಬಾ, ಮಗಾ."

"ಆಮೇಲೆ ಕೊಡ್ತೀನಪ್ಪ," ಎಂದು ಅವಳು ಭಟ್ಟಿಯ ಮುಂದೆ ಕೂತಳು. ಆ ಒಂದು ಸೌದೆಯನ್ನು ಹೆಚ್ಚಿಗೆ ತಳ್ಳಿ, ಬೆಂಕಿ ಹತ್ತುವವರೆಗೆ ಕಾದಳು.

ಮೇಲೆ, ಭಟ್ಟಿಯ ನೆತ್ತಿಯ ಮೇಲೆ, ಅವನು ಓಡಾಡುತ್ತಿದ್ದ. ಚಪ್ಪಲಿಯ ಸದ್ದು ಕೇಳಿಸುತ್ತಿತ್ತು.