ಮೆಟ್ಟಿಲ ಪಕ್ಕದ ಸಂಪಿಗೆ ಕೊಂಬೆ

ಮೂವತ್ತು ವರ್ಷದಿಂದ ಮನೆ ತೋಟಗಳಲ್ಲಿ ಮರದ ಕೊಂಬೆ ಸವರುವುದೇ ನನ್ನ ಕಸುಬು, ದೆವ್ವಗಿವ್ವ ನಂಬುವವನಲ್ಲ. ಅವತ್ತು ಹೂ ಮುಗಿದ ಸಂಪಿಗೆಯನ್ನು ಸವರುತ್ತಿದ್ದೆ. ಹಿಂಬಾಗಿಲ ಮೆಟ್ಟಿಲಿನತ್ತ ಚಾಚಿದ್ದ ಕೊಂಬೆಯೊಂದರಲ್ಲಿ ಅಂಗೈಯಗಲದಷ್ಟು ತೊಗಟೆ ಸವೆದು ನುಣ್ಣಗಾಗಿತ್ತು. ಇಡೀ ಮರ ನೆರಳಲ್ಲಿ ತಣ್ಣಗಿದ್ದರೂ ಅಷ್ಟು ಜಾಗ ಮಾತ್ರ ಬೆಚ್ಚಗಿತ್ತು. ಗರಗಸ ಹಾಕಿ ಕೊಯ್ದೆ.

ಕಿಟಕಿಯಿಂದ ಮನೆಯ ಅಜ್ಜಿ ಕೂಗಿದರು. "ಅಯ್ಯೋ, ಅದನ್ಯಾಕಪ್ಪ ಕೊಯ್ದೆ? ನಮ್ಮೆಜಮಾನ್ರು ಅದನ್ನ ಹಿಡ್ಕೊಂಡೇ ಮೆಟ್ಲು ಇಳಿಯೋದು!"

"ತಪ್ಪಾಯ್ತಮ್ಮ. ಒಂದು ಕಂಬಿ ಹಾಕಿಕೊಡ್ತೀನಿ. ಯಜಮಾನ್ರು ಒಳಗಿದ್ದಾರಾ?"

"ಅವರು ತೀರ್ಕೊಂಡು ಆರು ವರ್ಷ ಆಯ್ತಲ್ಲಪ್ಪ. ಆಗಿಂದ ನಾನು ಆ ಬಾಗ್ಲನ್ನ ತೆಗೆದೇ ಇಲ್ಲ."

ಪಾಪ, ವಯಸ್ಸಾಗಿದೆ ಅಂದುಕೊಂಡೆ. ಆಮೇಲೆ ಅಭ್ಯಾಸಬಲದಿಂದ, ಕೊಯ್ದ ಜಾಗದಲ್ಲಿ ವರ್ಷಕ್ಕೊಂದರಂತೆ ಮೂಡುವ ಉಂಗುರಗಳನ್ನು ಎಣಿಸಿದೆ. ಇನ್ನೊಂದು ಸಲ ಎಣಿಸಿದೆ.

ಆ ಕೊಂಬೆಗೆ ಮೂರೇ ವರ್ಷ.